ನೂರು ಎಂಬಿಪಿಎಸ್ ಇದ್ದೂ ಆಟ ಕಡಿದುಹೋಗುವುದೇಕೆ?

ಮಾನ್ಯ ಸಂಪಾದಕರೇ,

ಆನ್‌ಲೈನ್ ಆಟದ ನಡುವೆ ಸಂಪರ್ಕ ಕಡಿಯುತ್ತಿದೆ ಎಂದು ಇಂಟರ್‌ನೆಟ್ ಕೊಟ್ಟವರಿಗೆ ಫೋನ್ ಮಾಡಿದರೆ ಹುಬ್ಬಳ್ಳಿ-ಧಾರವಾಡದಲ್ಲಿ ಸಿಗುವ ಉತ್ತರ ಹೆಚ್ಚುಕಡಿಮೆ ಒಂದೇ: ‘ಸ್ಪೀಡ್ ಟೆಸ್ಟ್ ಮಾಡ್ರಿ.’ ಮಾಡಿದರೆ 100 ಎಂಬಿಪಿಎಸ್ ತೋರಿಸುತ್ತದೆ. ‘ಬರಾಕತ್ತೈತಲ್ರಿ, ಮತ್ತೇನ್ ಬೇಕ್ರಿ?’ ಎಂದು ದೂರು ಮುಚ್ಚಿಬಿಡುತ್ತಾರೆ. ಸ್ವಲ್ಪ ಜೋರು ಮಾಡಿದರೆ 200ರ ಪ್ಲ್ಯಾನ್ ಹಾಕಿಸಿಕೊಳ್ಳಿ ಅನ್ನುತ್ತಾರೆ. ದುಡ್ಡು ಹೆಚ್ಚು ಹೋಗುತ್ತದೆ, ಆಟ ಮೊದಲಿನಂತೆಯೇ ಕಡಿಯುತ್ತದೆ. ಸ್ಪೀಡ್ ಟೆಸ್ಟ್‌ಗೂ ಈ ತೊಂದರೆಗೂ ಸಂಬಂಧ ಬಹಳ ಕಡಿಮೆ ಎಂಬುದನ್ನು ಯಾರೂ ಹೇಳದ ಕಾರಣ ಈ ಪತ್ರ. ಉದ್ದವಾಗಿದೆ, ಆದರೆ ವಿಷಯವೇ ಹಾಗಿದೆ.

ನಮ್ಮೂರಿನ ಚಿಗರಿ ಬಸ್ಸನ್ನೇ ನೋಡಿ. ಒಂದು ಬಸ್ಸಿನಲ್ಲಿ ಎಷ್ಟು ಜನ ಹಿಡಿಯುತ್ತಾರೆ ಎಂಬುದು ಸ್ಪೀಡ್. ಹುಬ್ಬಳ್ಳಿಯಿಂದ ಧಾರವಾಡ ಮುಟ್ಟಿ ಮರಳಿ ಬರಲು ಹಿಡಿಯುವ ಹೊತ್ತು ಪಿಂಗ್. ಒಂದು ಬಸ್ಸು ಐದು ನಿಮಿಷಕ್ಕೆ, ಮುಂದಿನದು ಇಪ್ಪತ್ತು ನಿಮಿಷಕ್ಕೆ ಬಂದರೆ ಆ ಏರುಪೇರು ಜಿಟ್ಟರ್. ಹೊರಟ ಬಸ್ಸು ಬಂದೇ ಇಲ್ಲ ಎಂದರೆ ಪ್ಯಾಕೆಟ್ ಲಾಸ್, ಪ್ಯಾಕೆಟ್ ಎಂದರೆ ಜಾಲದಲ್ಲಿ ಓಡುವ ಮಾಹಿತಿಯ ಪುಟ್ಟ ಕಟ್ಟು. ಆಟಕ್ಕೆ ಬೇಕಾಗುವ ಸ್ಪೀಡ್ ಒಂದೆರಡು ಎಂಬಿಪಿಎಸ್ ದಾಟುವುದು ಅಪರೂಪ. ಆದರೆ ವ್ಯಾಲರಂಟ್‌ನಂಥ ಆಟದ ಸರ್ವರ್, ಅಂದರೆ ಆಟ ನಡೆಸುವ ದೂರದ ಕಂಪ್ಯೂಟರ್, ಸೆಕೆಂಡಿಗೆ 128 ಸಲ ಲೆಕ್ಕ ಹಾಕುತ್ತದೆ, ಅಂದರೆ ಸುಮಾರು 8 ಮಿಲಿಸೆಕೆಂಡಿಗೊಮ್ಮೆ. ಅಷ್ಟು ಬಿಗಿಯಾದ ತಾಳಕ್ಕೆ ಬೇಕಾದದ್ದು ದೊಡ್ಡ ಬಸ್ಸಲ್ಲ, ಹೊತ್ತಿಗೆ ಸರಿಯಾಗಿ ಬರುವ ಸಣ್ಣ ಬಸ್ಸು.

ಯೂಟ್ಯೂಬ್ ಚೆನ್ನಾಗಿ ಓಡುತ್ತದಲ್ಲ ಎಂಬ ವಾದವೂ ನಿಲ್ಲುವುದಿಲ್ಲ. ವಿಡಿಯೊ ಮುಂದಿನ ಹತ್ತಾರು ಸೆಕೆಂಡುಗಳನ್ನು ಮೊದಲೇ ತಂದಿಟ್ಟುಕೊಳ್ಳುತ್ತದೆ. ನಡುವೆ ಎರಡು ಸೆಕೆಂಡು ತಂತು ಕಡಿದರೂ ನೋಡುವವರಿಗೆ ಗೊತ್ತಾಗದು. ಆಟಕ್ಕೆ ಮುಂದಿನದನ್ನು ತಂದಿಡಲು ಬರುವುದಿಲ್ಲ, ಎದುರಾಳಿ ಮುಂದೇನು ಮಾಡುತ್ತಾನೋ ಯಾರಿಗೆ ಗೊತ್ತು? ಬಹುತೇಕ ಆಟಗಳು ಬಳಸುವುದು ಯುಡಿಪಿ ಎಂಬ ಪದ್ಧತಿ. ಅದರಲ್ಲಿ ಕಳೆದುಹೋದ ಪ್ಯಾಕೆಟ್ ತಾನಾಗಿ ಮತ್ತೆ ಬರುವುದಿಲ್ಲ. ಕೆಲವು ಸೆಕೆಂಡು ಏನೂ ಬರದಿದ್ದರೆ ಸರ್ವರ್ ಆಟಗಾರನನ್ನು ಹೊರಹಾಕುತ್ತದೆ. ‘ಆಟ ಆಡೋದ ಬಿಡಸ್ರಿ ಮೊದಲ’ ಎನ್ನುವ ಹಿರಿಯರಿಗೆ ಒಂದು ಮಾತು: ವಾಟ್ಸ್‌ಆ್ಯಪ್ ಕರೆಯಲ್ಲಿ ದನಿ ತುಂಡಾಗುವುದು, ಆನ್‌ಲೈನ್ ಪಾಠದಲ್ಲಿ ಮೇಷ್ಟ್ರು ಬಾಯಿ ತೆರೆದು ನಿಂತುಬಿಡುವುದು ಇದೇ ರೋಗದಿಂದ. ಅಂದಹಾಗೆ, ಸಂಸತ್ತು 2025ರ ಆಗಸ್ಟ್‌ನಲ್ಲಿ ನಿಷೇಧಿಸಿದ್ದು ಹಣ ಕಟ್ಟಿ ಆಡುವ ಆಟಗಳನ್ನು. ಅದೇ ಕಾನೂನು ಇ-ಸ್ಪೋರ್ಟ್ಸ್‌ಗೆ ಮಾನ್ಯತೆ ಕೊಟ್ಟಿದೆ. ಇಲ್ಲಿ ಹೇಳುತ್ತಿರುವುದು ಎರಡನೆಯದರ ಬಗ್ಗೆ.

ದಾರಿಯಲ್ಲಿ ಮೂರು ತುಂಡುಗಳಿವೆ: ಫೋನ್ ಅಥವಾ ಕಂಪ್ಯೂಟರಿನಿಂದ ರೂಟರ್‌ವರೆಗೆ, ರೂಟರಿನಿಂದ ಕಂಪನಿಯ ಜಾಲದವರೆಗೆ, ಅಲ್ಲಿಂದ ಆಟದ ಸರ್ವರ್‌ವರೆಗೆ. ಯಾವ ತುಂಡು ಕೆಟ್ಟಿದೆ ಎಂದು ಗೊತ್ತಾಗುವ ಮೊದಲು ಒಂದು ಸೆಟ್ಟಿಂಗ್ ಕೂಡ ಮುಟ್ಟಬಾರದು. ಪತ್ತೆ ಹಚ್ಚುವುದು ಕಷ್ಟವಲ್ಲ. ವಿಂಡೋಸ್‌ನಲ್ಲಿ ಕಮಾಂಡ್ ಪ್ರಾಂಪ್ಟನ್ನು ಎರಡು ಕಿಟಕಿಗಳಲ್ಲಿ ತೆರೆಯಿರಿ. ಒಂದರಲ್ಲಿ ಪಿಂಗ್ ಆದೇಶದ ಮುಂದೆ ರೂಟರಿನ ವಿಳಾಸ ಕೊಡಿ. ಸಾಮಾನ್ಯವಾಗಿ ಅದು 192.168.1.1 ಅಥವಾ 192.168.0.1, ಸರಿಯಾದದ್ದು ನೆಟ್‌ವರ್ಕ್ ವಿವರಗಳಲ್ಲಿ ಡಿಫಾಲ್ಟ್ ಗೇಟ್‌ವೇ ಎಂದು ಸಿಗುತ್ತದೆ. ಇನ್ನೊಂದರಲ್ಲಿ 8.8.8.8 ಎಂಬ ಹೊರಗಿನ ವಿಳಾಸ ಕೊಡಿ. ಎರಡಕ್ಕೂ ಕೊನೆಗೆ ಅಡ್ಡಗೆರೆ ಹಾಕಿ ಟಿ ಅಕ್ಷರ ಸೇರಿಸಿದರೆ ನಿಲ್ಲಿಸುವವರೆಗೂ ಓಡುತ್ತಿರುತ್ತವೆ. ಹತ್ತು ನಿಮಿಷ ಆಟ ಆಡಿ ಬಂದು ಕಂಟ್ರೋಲ್ ಮತ್ತು ಸಿ ಒತ್ತಿದರೆ ಲೆಕ್ಕ ಕೈಗೆ ಬರುತ್ತದೆ. ಸೆಕೆಂಡಿಗೊಂದರಂತೆ ಸುಮಾರು 600 ಪ್ಯಾಕೆಟ್ ಹೋಗಿರುತ್ತವೆ. ಆರು ಕಳೆದಿದ್ದರೆ ಶೇ 1. ಬಿಡಿಬಿಡಿಯಾಗಿ ಹೋದ ಆರು ಅಷ್ಟು ಕಾಡುವುದಿಲ್ಲ, ಸಾಲಾಗಿ ಹೋದ ಆರು ಎಂದರೆ ಆಟದಿಂದ ಹೊರಗೆ.

ಓದುವ ಬಗೆ ಹೀಗೆ. ರೂಟರಿಗೆ ಕಳಿಸಿದ ಪಿಂಗ್ ಕೇಬಲ್‌ನಲ್ಲಿ 1 ಮಿಲಿಸೆಕೆಂಡಿಗಿಂತ ಕಡಿಮೆ ಇರಬೇಕು, ವೈಫೈಯಲ್ಲಿ 2ರಿಂದ 5. ಅದೇ 100, 300 ಎಂದು ಹಾರುತ್ತಿದ್ದರೆ ತಪ್ಪು ಮನೆಯೊಳಗೇ ಇದೆ, ಕಂಪನಿಯವರನ್ನು ಬೈದು ಫಲವಿಲ್ಲ. ರೂಟರಿನದು ನೇರವಾಗಿದ್ದು ಹೊರಗಿನದು ಮಾತ್ರ ಹಾರಿದರೆ ಅದು ಕಂಪನಿಯ ತುಂಡು, ಇಲ್ಲವೇ ಮನೆಯಲ್ಲೇ ಯಾರೋ ದೊಡ್ಡ ಅಪ್‌ಲೋಡ್ ಅಥವಾ ಡೌನ್‌ಲೋಡ್‌ನಿಂದ ದಾರಿ ತುಂಬಿಸುತ್ತಿದ್ದಾರೆ. ಎರಡೂ ನೇರವಾಗಿದ್ದು ಆಟವೊಂದೇ ಕಡಿದರೆ ಸರ್ವರ್ ಕಡೆಯ ತೊಂದರೆ. ಕೆಲವರು ಸರ್ವರ್‌ವರೆಗಿನ ದಾರಿಯ ಒಂದೊಂದು ರೂಟರನ್ನೂ ಸಾಲಾಗಿ ತೋರಿಸುವ ಟ್ರೇಸ್‌ರೂಟ್ ಓಡಿಸಿ ನಡುವಿನ ಸಾಲಿನಲ್ಲಿ ನಕ್ಷತ್ರ ಚಿಹ್ನೆ ಕಂಡ ಕೂಡಲೇ ‘ಸಿಕ್ಕಿತು ಕಳ್ಳ’ ಎನ್ನುತ್ತಾರೆ. ನಡುವಿನ ದೊಡ್ಡ ರೂಟರ್‌ಗಳು ಪಿಂಗ್‌ಗೆ ಉತ್ತರಿಸುವುದನ್ನು ಕೊನೆಯ ಕೆಲಸವಾಗಿ ಇಟ್ಟುಕೊಂಡಿರುತ್ತವೆ, ಬೇಡವೆಂದರೆ ಉತ್ತರಿಸುವುದೇ ಇಲ್ಲ. ನಷ್ಟ ಒಂದು ಸಾಲಿನಲ್ಲಿ ಶುರುವಾಗಿ ಕೊನೆಯ ಸಾಲಿನವರೆಗೂ ಉಳಿದರೆ ಮಾತ್ರ ಅದು ನಿಜವಾದ ನಷ್ಟ.

ಹತ್ತರಲ್ಲಿ ಏಳೆಂಟು ಮನೆಗಳಲ್ಲಿ ರೋಗ ಇರುವುದು ಮೊದಲ ತುಂಡಿನಲ್ಲೇ ಎಂಬುದು ಈ ಕೆಲಸದವರ ಅಂದಾಜು. ವೈಫೈ ಬಳಸುವ 2.4 ಗಿಗಾಹರ್ಟ್ಸ್ ತರಂಗ ಪಟ್ಟಿಯಲ್ಲಿ ಒಂದರ ಮೇಲೊಂದು ಬೀಳದ ಚಾನೆಲ್‌ಗಳು ಮೂರೇ: 1, 6, 11. ಧಾರವಾಡದ ಸಪ್ತಾಪುರದಂಥ ಕಡೆ, ಕೋಚಿಂಗ್‌ಗೆ ಬಂದ ಹುಡುಗ-ಹುಡುಗಿಯರ ಪಿಜಿಗಳು ಒಂದಕ್ಕೊಂದು ಅಂಟಿಕೊಂಡಿರುವಲ್ಲಿ, ಫೋನಿನಲ್ಲಿ ವೈಫೈ ಪಟ್ಟಿ ತೆರೆದರೆ ಮುಗಿಯುವುದೇ ಇಲ್ಲ. ಅಷ್ಟೂ ರೂಟರ್‌ಗಳು ಮೂರು ಚಾನೆಲ್ ಹಂಚಿಕೊಂಡು ಸರದಿಗೆ ಕಾಯುತ್ತವೆ. ಮೈಕ್ರೋವೇವ್ ಒಲೆ, ಬ್ಲೂಟೂತ್ ಹೆಡ್‌ಸೆಟ್ ಎಲ್ಲವೂ ಅದೇ ಪಟ್ಟಿಯಲ್ಲಿವೆ. ಯುಎಸ್‌ಬಿ 3.0 ಪೆನ್‌ಡ್ರೈವ್ ಪಕ್ಕದಲ್ಲಿ ಚುಚ್ಚಿದ ವೈಫೈ ಡಾಂಗಲ್‌ಗೂ ಅದರಿಂದ ಗದ್ದಲ ತಾಕುತ್ತದೆ. ಅರ್ಧ ಮೀಟರಿನ ಯುಎಸ್‌ಬಿ ವಿಸ್ತರಣಾ ತಂತಿ ಹಾಕಿ ಡಾಂಗಲ್ ದೂರ ಸರಿಸಿದರೆ ಆ ತಲೆನೋವು ಹೋಗುತ್ತದೆ.

ಆದ್ದರಿಂದ ಆಟಕ್ಕೆ 5 ಗಿಗಾಹರ್ಟ್ಸ್ ಬಳಸಿ. ರೂಟರ್ ಎರಡೂ ಪಟ್ಟಿಗೆ ಒಂದೇ ಹೆಸರು ಇಟ್ಟಿದ್ದರೆ ಬೇರೆ ಬೇರೆ ಹೆಸರು ಕೊಡಿ. ಒಂದೇ ಹೆಸರಿದ್ದಾಗ ಫೋನು ತನ್ನಿಷ್ಟದಂತೆ ಒಂದರಿಂದ ಇನ್ನೊಂದಕ್ಕೆ ಜಿಗಿಯುತ್ತದೆ, ಜಿಗಿದಾಗ ಆಟ ತಡವರಿಸುತ್ತದೆ. ಚಾನೆಲನ್ನು ಆಟೊಗೆ ಬಿಡದೆ 36, 40, 44, 48ರಲ್ಲಿ ಒಂದನ್ನೋ 149ರಿಂದ ಮೇಲಿನದನ್ನೋ ಗೊತ್ತುಪಡಿಸಿ. 52ರಿಂದ 144ರವರೆಗಿನ ಚಾನೆಲ್‌ಗಳು ಬಹುತೇಕ ರೂಟರ್‌ಗಳಲ್ಲಿ ರೇಡಾರ್ ಕಾವಲಿಗೆ ಒಳಪಟ್ಟಿವೆ. ರೇಡಾರ್‌ನಂಥ ಸದ್ದು ಕೇಳಿದರೆ ರೂಟರ್ ಆ ಚಾನೆಲ್ ಬಿಟ್ಟು ಓಡಬೇಕು, ಅದೇ ಗುಂಪಿನ ಹೊಸ ಚಾನೆಲ್‌ಗೆ ಹೋದರೆ ಮೊದಲು 60 ಸೆಕೆಂಡು ಕಿವಿಗೊಟ್ಟು ಕೂರಬೇಕು. ಆ ಒಂದು ನಿಮಿಷದಲ್ಲಿ ಪಂದ್ಯ ಮುಗಿದಿರುತ್ತದೆ. ಚಾನೆಲ್‌ನ ಅಗಲವನ್ನು 2.4ರಲ್ಲಿ 20 ಮೆಗಾಹರ್ಟ್ಸ್‌ಗೆ, 5ರಲ್ಲಿ ಗದ್ದಲವಿರುವ ಕಡೆ 40ಕ್ಕೆ ಇಳಿಸಿ. ಸ್ಪೀಡ್ ಟೆಸ್ಟ್‌ನಲ್ಲಿ ಅಂಕಿ ಇಳಿಯುತ್ತದೆ, ಆಟ ಸ್ಥಿರವಾಗುತ್ತದೆ.

5 ಗಿಗಾಹರ್ಟ್ಸ್‌ಗೆ ಗೋಡೆ ದಾಟುವ ಕಸುವು ಕಡಿಮೆ. ಹಳೇ ಹುಬ್ಬಳ್ಳಿಯ, ಧಾರವಾಡದ ಹಳೆಯ ಓಣಿಗಳ ಎರಡಡಿ ದಪ್ಪದ ಕಲ್ಲು-ಮಣ್ಣಿನ ಗೋಡೆಗಳ ಮನೆಯಲ್ಲಿ ಪಡಸಾಲೆಯ ರೂಟರ್ ಒಳಗಿನ ಕೋಣೆಗೆ ಮುಟ್ಟುವುದೇ ಇಲ್ಲ. ಶೋಕೇಸಿನ ಗಾಜಿನ ಹಿಂದೆ, ಟಿವಿಯ ಬೆನ್ನಿಗೆ, ಕಬ್ಬಿಣದ ತಿಜೋರಿಯ ಮೇಲೆ ರೂಟರ್ ಇಡುವುದು ನೋಡಲು ಚಂದ, ಸಿಗ್ನಲ್‌ಗೆ ಶಾಪ. ಇದಕ್ಕೆ ಅಂಗಡಿಯವರು ಕೊಡುವ ಮದ್ದು ವೈಫೈ ಎಕ್ಸ್‌ಟೆಂಡರ್. ಆಟಕ್ಕೆ ಅದು ಮದ್ದಲ್ಲ. ಒಂದೇ ರೇಡಿಯೊದಲ್ಲಿ ಕೇಳಿ ಅದರಲ್ಲೇ ಮತ್ತೆ ಹೇಳುವ ಎಕ್ಸ್‌ಟೆಂಡರ್ ಇರುವ ಸಾಮರ್ಥ್ಯವನ್ನು ಅರ್ಧ ಮಾಡುತ್ತದೆ, ವಿಳಂಬ ಮತ್ತು ಜಿಟ್ಟರ್ ಸೇರಿಸುತ್ತದೆ. ಅದರ ಬದಲು ಒಳಕೋಣೆಯವರೆಗೆ ಲ್ಯಾನ್ ಕೇಬಲ್ ಎಳೆದು, ಅಲ್ಲಿ ಹಳೆಯ ರೂಟರೊಂದನ್ನು ಆ್ಯಕ್ಸೆಸ್ ಪಾಯಿಂಟ್ ಆಗಿ, ಅಂದರೆ ವೈಫೈ ಹರಡುವ ಕೆಲಸಕ್ಕಷ್ಟೇ ಇಟ್ಟರೆ ಫೋನಿಗೂ ಕಂಪ್ಯೂಟರಿಗೂ ಒಟ್ಟಿಗೆ ಅನುಕೂಲ.

ಕೇಬಲ್ ವಿಷಯದಲ್ಲಿ ಮೋಸ ಜಾಸ್ತಿ, ಹಾಗಾಗಿ ಸ್ವಲ್ಪ ವಿವರ. ಮನೆಗೆ ಕ್ಯಾಟ್ 5ಇ ಸಾಕು, 100 ಮೀಟರ್‌ವರೆಗೆ ಗಿಗಾಬಿಟ್ ಸಾಗಿಸುತ್ತದೆ. ಕ್ಯಾಟ್ 8 ಎಂದು ಹೊಳೆಯುವ ಹೆಣಿಗೆಯ ಕೇಬಲ್ ಕೊಂಡರೆ ಪಿಂಗ್ ಕಡಿಮೆಯಾಗುವುದಿಲ್ಲ. ಅಗ್ಗದ ಕೇಬಲ್‌ಗಳಲ್ಲಿ ಹಲವು ತಾಮ್ರ ಲೇಪಿಸಿದ ಅಲ್ಯೂಮಿನಿಯಂ. ಕೊಪ್ಪಿಕರ್ ರಸ್ತೆಯಲ್ಲಿ ಕೊಳ್ಳಿ, ಆನ್‌ಲೈನ್‌ನಲ್ಲಿ ಕೊಳ್ಳಿ, ಒಳತಂತಿಯನ್ನು ಬ್ಲೇಡಿನಿಂದ ಕೆರೆದು ನೋಡಿ. ಬೆಳ್ಳಿ ಬಣ್ಣ ಕಂಡರೆ ಅಲ್ಯೂಮಿನಿಯಂ, ಒಳಗೂ ಕೆಂಪಿದ್ದರೆ ತಾಮ್ರ. ಅಲ್ಯೂಮಿನಿಯಂ ತಂತಿ ಬಾಗಿಸಿದಲ್ಲಿ ಮುರಿಯುತ್ತದೆ, ಕನೆಕ್ಟರಿನ ಹಲ್ಲಿನೊಳಗೆ ಸಡಿಲವಾಗುತ್ತದೆ, ಬಾಗಿಲು ಹಾಕಿದಾಗಲೊಮ್ಮೆ ಸಂಪರ್ಕ ಹೋಗಿ ಬರುತ್ತದೆ. ಕನೆಕ್ಟರಿನ ಕೊಕ್ಕೆ ನಿಮ್ಮಿಂದ ಆಚೆ ಇರುವಂತೆ ಹಿಡಿದಾಗ ಎಡದಿಂದ ಬಣ್ಣಗಳ ಸಾಲು: ಬಿಳಿ-ಕಿತ್ತಳೆ, ಕಿತ್ತಳೆ, ಬಿಳಿ-ಹಸಿರು, ನೀಲಿ, ಬಿಳಿ-ನೀಲಿ, ಹಸಿರು, ಬಿಳಿ-ಕಂದು, ಕಂದು. ಎರಡೂ ತುದಿಗೆ ಇದೇ ಕ್ರಮ. ಗಿಗಾಬಿಟ್‌ಗೆ ಎಂಟೂ ತಂತಿ ಬೇಕು. 1, 2, 3, 6ರಲ್ಲಿ ಮಾತ್ರ ಸಂಪರ್ಕವಿದ್ದರೆ 100ಕ್ಕೆ ಇಳಿಯುತ್ತದೆ. ಕಂಪ್ಯೂಟರ್ ಲಿಂಕ್ ಸ್ಪೀಡನ್ನು ಒಮ್ಮೆ 1000, ಒಮ್ಮೆ 100 ಎಂದು ತೋರಿಸುತ್ತಿದ್ದರೆ ಎಲ್ಲೋ ಒಂದು ತಂತಿ ಸಡಿಲ. ಎರಡೂ ತುದಿ ಕತ್ತರಿಸಿ ಹೊಸದಾಗಿ ಕ್ರಿಂಪ್ ಮಾಡಿ, ನೋಡುತ್ತ ಕೂರಬೇಡಿ.

ಲ್ಯಾಪ್‌ಟಾಪ್‌ನಲ್ಲಿ ಡಿವೈಸ್ ಮ್ಯಾನೇಜರ್ ತೆರೆದು ನೆಟ್‌ವರ್ಕ್ ಅಡಾಪ್ಟರಿನ ಪವರ್ ಮ್ಯಾನೇಜ್‌ಮೆಂಟ್ ಪುಟದಲ್ಲಿ, ವಿದ್ಯುತ್ ಉಳಿಸಲು ಈ ಸಾಧನ ಆರಿಸಬಹುದು ಎಂಬ ಗುರುತು ತೆಗೆಯಿರಿ. ಅಡ್ವಾನ್ಸ್ಡ್ ಪುಟದಲ್ಲಿ ಎನರ್ಜಿ ಎಫಿಶಿಯಂಟ್ ಈಥರ್ನೆಟ್ ಮತ್ತು ಗ್ರೀನ್ ಈಥರ್ನೆಟ್ ಇದ್ದರೆ ಆಫ್ ಮಾಡಿ. ಕೆಲವು ಅಡಾಪ್ಟರ್‌ಗಳು ಇವುಗಳಿಂದ ಅರೆಗಳಿಗೆ ನಿದ್ದೆಗೆ ಜಾರುತ್ತವೆ.

ಫೋನಿನಲ್ಲಿ ಆಡುವವರಿಗೆ ಎರಡು ಶತ್ರುಗಳು. ಮೊದಲನೆಯದು ವೈಫೈ ಮಂದವಾದ ಕೂಡಲೇ ತಾನಾಗಿ ಮೊಬೈಲ್ ಡೇಟಾಗೆ ಹಾರುವ ಸೌಲಭ್ಯ. ಒಂದೊಂದು ಕಂಪನಿಯ ಫೋನಿನಲ್ಲಿ ಒಂದೊಂದು ಹೆಸರು, ಹುಡುಕಿ ಆರಿಸಿ. ಹಾರಿದ ಕೂಡಲೇ ಫೋನಿನ ಐಪಿ ವಿಳಾಸ ಬದಲಾಗುತ್ತದೆ, ಸರ್ವರ್ ಕಣ್ಣಿಗೆ ನೀವು ಬೇರೆ ಯಾರೋ ಆಗುತ್ತೀರಿ, ‘ರೀಕನೆಕ್ಟಿಂಗ್’ ಎಂದು ಚಕ್ರ ತಿರುಗುತ್ತದೆ. ಎರಡನೆಯದು ಜೋಡಿ ಸಿಮ್. ಡೇಟಾ ಇಲ್ಲದ ಸಿಮ್‌ಗೆ ಕರೆ ಬಂದರೆ ಬಹಳಷ್ಟು ಫೋನ್‌ಗಳಲ್ಲಿ ಇನ್ನೊಂದು ಸಿಮ್‌ನ ಡೇಟಾ ನಿಂತುಬಿಡುತ್ತದೆ. ಪಂದ್ಯದ ಹೊತ್ತಿಗೆ ಆ ಸಿಮ್ ಆರಿಸಿಡುವುದೇ ಸುಲಭ. ಊರಂಚಿನ ಬಡಾವಣೆಗಳಲ್ಲಿ 5ಜಿ ಸಿಗ್ನಲ್ ಬಂದು ಹೋಗಿ ಮಾಡುವಲ್ಲಿ ನೆಟ್‌ವರ್ಕ್ ಬಗೆಯನ್ನು 4ಜಿಗೆ ಕಟ್ಟಿಹಾಕಿ. ನಿಂತ 4ಜಿ ಓಡಾಡುವ 5ಜಿಗಿಂತ ಮೇಲು.

ಇನ್ನು ಯಾರೂ ಅನುಮಾನಿಸದ ಒಂದು ಕಾರಣ. ಅಕ್ಕ ಜಾತ್ರೆಯಲ್ಲಿ ತೆಗೆದ 200 ಫೋಟೊ, ನಾಲ್ಕು ವಿಡಿಯೊ ಅವಳ ಫೋನಿನಿಂದ ಸದ್ದಿಲ್ಲದೆ ಕ್ಲೌಡ್‌ಗೆ ಏರುತ್ತಿವೆ. ತಮ್ಮ ಆಟ ಆಡುತ್ತಿದ್ದಾನೆ. ಅಪ್‌ಲೋಡ್ ದಾರಿ ತುಂಬಿದಾಗ ರೂಟರ್ ಹೆಚ್ಚಾದದ್ದನ್ನು ಸಾಲಿನಲ್ಲಿ ಪೇರಿಸಿಡುತ್ತದೆ. ಸಾಲಿನಲ್ಲಿ 1 ಎಂಬಿಯಷ್ಟು ಮಾಹಿತಿ ಕೂತಿದ್ದರೆ, 20 ಎಂಬಿಪಿಎಸ್ ಅಪ್‌ಲೋಡ್‌ನಲ್ಲಿ ಅದು ಕರಗಲು 400 ಮಿಲಿಸೆಕೆಂಡು. ಅಷ್ಟೂ ಹೊತ್ತು ಆಟದ ಪುಟ್ಟ ಪ್ಯಾಕೆಟ್ ಹಿಂದೆ ನಿಂತಿರುತ್ತದೆ. ಇದಕ್ಕೆ ಬಫರ್‌ಬ್ಲೋಟ್ ಎನ್ನುತ್ತಾರೆ. ಪರೀಕ್ಷೆ ಸರಳ: 8.8.8.8ಕ್ಕೆ ಪಿಂಗ್ ಓಡುತ್ತಿರುವಾಗ ದೊಡ್ಡ ಫೈಲೊಂದನ್ನು ಅಪ್‌ಲೋಡ್ ಮಾಡಿ. 20 ಇದ್ದದ್ದು 300 ಆದರೆ ರೋಗ ಅದೇ. ಮದ್ದು ಎಸ್‌ಕ್ಯುಎಂ, ಅಂದರೆ ಸಾಲು ಉದ್ದವಾಗದಂತೆ ನೋಡಿಕೊಳ್ಳುವ ವ್ಯವಸ್ಥೆ ಇರುವ ರೂಟರ್. ಎಫ್‌ಕ್ಯು-ಕೋಡೆಲ್ ಅಥವಾ ಕೇಕ್ ಎಂಬ ಹೆಸರು ಸೆಟ್ಟಿಂಗ್‌ನಲ್ಲಿ ಕಂಡರೆ ಸರಿ, ಓಪನ್‌ಡಬ್ಲ್ಯುಆರ್‌ಟಿ ಎಂಬ ತಂತ್ರಾಂಶ ಹಾಕಬಹುದಾದ ರೂಟರ್‌ಗಳಲ್ಲಿ ಪುಕ್ಕಟೆ ಸಿಗುತ್ತದೆ. ಅಪ್‌ಲೋಡ್, ಡೌನ್‌ಲೋಡ್ ಎರಡಕ್ಕೂ ಅಳೆದ ಸ್ಪೀಡಿನ ಶೇ 85ರಿಂದ 90ರಷ್ಟನ್ನು ಮಿತಿಯಾಗಿ ಕೊಡಬೇಕು. ಮಿತಿ ಕೊಡದಿದ್ದರೆ ಸಾಲು ರೂಟರಿನಲ್ಲಿ ಕಟ್ಟದೆ ಕಂಪನಿಯ ಪೆಟ್ಟಿಗೆಯಲ್ಲಿ ಕಟ್ಟುತ್ತದೆ, ಆಗ ನಿಮ್ಮ ಕೈಯಲ್ಲಿ ಏನೂ ಇಲ್ಲ. ಅಂಥ ರೂಟರ್ ಇಲ್ಲದಿದ್ದರೆ ಫೋಟೊ ಬ್ಯಾಕಪ್ ರಾತ್ರಿಗೆ ತಳ್ಳಿ, ಆಟಗಳನ್ನು ಇಳಿಸಿಕೊಡುವ ಸ್ಟೀಮ್‌ನ ಡೌನ್‌ಲೋಡ್ ಸೆಟ್ಟಿಂಗ್‌ನಲ್ಲಿ ಮಿತಿ ಹಾಕಿ. 100ರಿಂದ 200ಕ್ಕೆ ಪ್ಲ್ಯಾನ್ ಏರಿಸಿದಾಗ ಈ ರೋಗ ನಾಲ್ಕು ದಿನ ಅಡಗುತ್ತದೆ, ಅಷ್ಟೇ.

ಕರೆಂಟಿನ ಮಾತು. ರೂಟರಿನ ಕಪ್ಪು ಅಡಾಪ್ಟರ್ ಎರಡು-ಮೂರು ವರ್ಷ ಬಿಸಿಯಲ್ಲಿ ಕೂತು ಅದರೊಳಗಿನ ಕೆಪಾಸಿಟರ್ ಸೋತಿರುತ್ತದೆ. ದೀಪಗಳೆಲ್ಲ ಉರಿಯುತ್ತವೆ, ಆದರೆ ಹೊರೆ ಬಿದ್ದಾಗ 12 ವೋಲ್ಟ್ ಇರಬೇಕಾದದ್ದು ಕುಸಿದು ರೂಟರ್ ತಾನಾಗಿ ಮರುಚಾಲೂ ಆಗುತ್ತದೆ. ನೀರಿನ ಮೋಟರ್ ಹಾಕಿದಾಗ, ಫ್ರಿಜ್ ಚಾಲೂ ಆದಾಗ ಆಟ ಕಡಿದರೆ ಮೊದಲ ಸಂಶಯ ಇದರ ಮೇಲಿರಲಿ. ರೂಟರಿನ ಸ್ಟೇಟಸ್ ಪುಟದಲ್ಲಿ ಎಷ್ಟು ಹೊತ್ತಿನಿಂದ ಓಡುತ್ತಿದೆ ಎಂಬ ಲೆಕ್ಕವಿರುತ್ತದೆ. ಆಟ ಕಡಿದ ಮೇಲೆ ಅದು ಸೊನ್ನೆಯಿಂದ ಎಣಿಸುತ್ತಿದ್ದರೆ ಖಾತ್ರಿ. ಹೊಸ ಅಡಾಪ್ಟರ್ ತರುವಾಗ ವೋಲ್ಟ್ ಅಷ್ಟೇ ಇರಲಿ, ಆಂಪಿಯರ್ ಅಷ್ಟೇ ಅಥವಾ ಹೆಚ್ಚಿರಲಿ, ಪಿನ್ನಿನ ಧ್ರುವ ಹೊಂದಲಿ. ಮನೆಯ ಇನ್ವರ್ಟರ್ ಇದ್ದೂ ಕರೆಂಟ್ ಹೋದಾಗ ರೂಟರ್ ಆರಿ ಹತ್ತಿದರೆ ಹಿಂಬದಿಯ ಸ್ವಿಚ್ಚನ್ನು ಯುಪಿಎಸ್ ಮೋಡ್‌ಗೆ ಹಾಕಿ ನೋಡಿ, ಬದಲಾವಣೆ ಬೇಗ ಆಗುತ್ತದೆ. ಪುಟ್ಟ ಡಿಸಿ ಯುಪಿಎಸ್ ಕೊಳ್ಳುವವರು 8000 ಎಂಎಎಚ್ ಎಂಬ ಬರಹ ನೋಡಿ ಹನ್ನೆರಡು ಗಂಟೆ ಬರುತ್ತದೆ ಎಂದುಕೊಳ್ಳಬೇಡಿ. ಆ ಅಂಕಿ 3.7 ವೋಲ್ಟ್ ಬ್ಯಾಟರಿಯದು, ಗುಣಿಸಿದರೆ ಸುಮಾರು 30 ವ್ಯಾಟ್-ಅವರ್. 8 ವ್ಯಾಟ್ ತಿನ್ನುವ ರೂಟರಿಗೆ ನಷ್ಟ ಕಳೆದು ಮೂರು ಗಂಟೆ.

ಎರಡನೇ ತುಂಡು ಫೈಬರ್. ಫೈಬರ್ ಬಂದು ಸೇರುವ, ಗೋಡೆಯ ಮೇಲಿನ ಒಎನ್‌ಟಿ ಪೆಟ್ಟಿಗೆಯ ಸ್ಟೇಟಸ್ ಪುಟದಲ್ಲಿ ಆರ್‌ಎಕ್ಸ್ ಪವರ್ ಎಂಬ ಅಂಕಿ ಇರುತ್ತದೆ, ಅದು ಬಂದು ಮುಟ್ಟುವ ಬೆಳಕಿನ ಬಲ, ಅಳತೆ ಡಿಬಿಎಂ. ಸಾಮಾನ್ಯವಾಗಿ ಬಳಕೆಯಲ್ಲಿರುವ ಬಿ ಪ್ಲಸ್ ದರ್ಜೆಯ ಜಿಪಾನ್ ಪೆಟ್ಟಿಗೆಗೆ ಮೈನಸ್ 8ರಿಂದ ಮೈನಸ್ 27ರವರೆಗೆ ಬೆಳಕು ಸಾಕು. ಮೈನಸ್ 15ರಿಂದ 24 ಆರಾಮ. ಮೈನಸ್ 27 ಎಂದರೆ ಬಿಸಿಲಿಗೆ, ಗಾಳಿಗೆ ಹೊಯ್ದಾಡುವ ಗಡಿ. 3 ಡಿಬಿ ಇಳಿದರೆ ಬೆಳಕು ಅರ್ಧವಾಯಿತು ಎಂದು ಲೆಕ್ಕ, ಹಾಗಾಗಿ ಎರಡು-ಮೂರರ ವ್ಯತ್ಯಾಸ ಸಣ್ಣದಲ್ಲ. ಜೋಡಿಸಿದ ದಿನವೇ ಆ ಅಂಕಿಯ ಫೋಟೊ ತೆಗೆದಿಟ್ಟುಕೊಂಡರೆ ಮುಂದೆ ವಾದಕ್ಕೆ ಆಧಾರ. ಬೆಳಕು ಇಳಿಯಲು ಕಾರಣಗಳು ಹೆಚ್ಚಾಗಿ ಕಣ್ಣಿಗೆ ಕಾಣುವಂಥವೇ. ಬಾಗಿಲ ಸಂದಿಯಲ್ಲಿ ಹಿಸುಕಿದ ಫೈಬರ್, ಮೊಳೆಗೆ ಬಿಗಿಯಾಗಿ ಸುತ್ತಿದ್ದು, ಚಹಾ ಲೋಟಕ್ಕಿಂತ ಸಣ್ಣ ಸುರುಳಿ ಮಾಡಿದ್ದು. ಹಸಿರು ಕನೆಕ್ಟರಿನ ತುದಿ 8 ಡಿಗ್ರಿ ಓರೆಯಾಗಿ ಕತ್ತರಿಸಿದ್ದು, ನೀಲಿಯದು ನೇರ. ಹಸಿರನ್ನು ನೀಲಿಗೆ ಚುಚ್ಚಿದರೆ ಕೂಡುತ್ತದೆ, ಕೆಲಸವೂ ಮಾಡುತ್ತದೆ, ಆದರೆ ನಡುವೆ ಸಂದಿ ಉಳಿದು ಬೆಳಕು ಸೋರುತ್ತದೆ, ಹಿಂದಕ್ಕೂ ಚಿಮ್ಮುತ್ತದೆ. ತುದಿಯನ್ನು ಬಾಯಿಯಿಂದ ಊದುವುದು, ಅಂಗಿಗೆ ಒರೆಸುವುದು ಎರಡೂ ತಪ್ಪು. ನಾರು ಬಿಡದ ಬಟ್ಟೆ ಮತ್ತು ಐಸೊಪ್ರೊಪೈಲ್ ಆಲ್ಕೊಹಾಲ್ ಬೇಕು. ಕಿತ್ತ ತುದಿಯೊಳಗೆ ಕಣ್ಣಿಟ್ಟು ನೋಡಲೇಬೇಡಿ. 1490 ನ್ಯಾನೊಮೀಟರಿನ ಬೆಳಕು ಕಣ್ಣಿಗೆ ಕಾಣುವುದಿಲ್ಲ, ಕಾಣದಿದ್ದರೂ ಅದು ಲೇಸರ್.

ಮನೆಯ ಹೊರಗಿನದು ಊರಿನ ಸಮಸ್ಯೆ. ನೀರಿನ ಕೊಳವೆ, ಒಳಚರಂಡಿ, ಗ್ಯಾಸ್ ಪೈಪ್ ಎಂದು ರಸ್ತೆ ಅಗೆದಲ್ಲೆಲ್ಲ ಫೈಬರ್ ಕಡಿಯುತ್ತದೆ, ಕಡಿದದ್ದನ್ನು ಆತುರದಲ್ಲಿ ಜೋಡಿಸುತ್ತಾರೆ. ಕಂಬದಿಂದ ಕಂಬಕ್ಕೆ ಜೋತುಬಿದ್ದ ಕೇಬಲ್‌ನ ಜೋಡಣೆ ಡಬ್ಬಿಗೆ ಮುಚ್ಚಳ ಸರಿಯಿಲ್ಲದಿದ್ದರೆ ಧಾರವಾಡದ ಜಿಟಿಜಿಟಿ ಮಳೆ ವಾರಗಟ್ಟಲೆ ಒಳಗಿಳಿಯುತ್ತದೆ. ಮಳೆಯಲ್ಲಷ್ಟೇ ಕಡಿದರೆ ಡಬ್ಬಿಯಲ್ಲಿ ನೀರು, ಗಾಳಿಗೆ ಕಡಿದರೆ ಕೇಬಲ್‌ನ ತೂಗಾಟ. ರಾತ್ರಿ ಎಂಟರಿಂದ ಹನ್ನೊಂದರ ನಡುವೆ ಮಾತ್ರ ಹದಗೆಟ್ಟರೆ ಒಂದೋ ಕಂಪನಿಯ ದಾರಿ ಕಿಕ್ಕಿರಿದಿದೆ, ಇಲ್ಲವೇ ನೆರೆಯವರ ವೈಫೈ. ಕೇಬಲ್ ಹಾಕಿ ನೋಡಿದರೆ ಯಾವುದೆಂದು ತಿಳಿಯುತ್ತದೆ. ಗಡಿಯಾರ ನೋಡಿಕೊಂಡಂತೆ ಇಂತಿಷ್ಟೇ ಗಂಟೆಗೊಮ್ಮೆ ಕಡಿದರೆ ಕಂಪನಿ ಲಾಗಿನ್ ಅವಧಿ ಮುಗಿಸಿ ಮತ್ತೆ ಶುರು ಮಾಡುತ್ತಿದೆ. ದಿನ, ಹೊತ್ತು, ಹವೆ ಬರೆದಿಟ್ಟ ಒಂದು ವಾರದ ಚೀಟಿ ಯಾವ ಆ್ಯಪ್‌ಗಿಂತಲೂ ಚೆನ್ನಾಗಿ ರೋಗ ಹೇಳುತ್ತದೆ.

ಮನೆಯ ಒಳವಿಳಾಸವನ್ನು ಹೊರವಿಳಾಸಕ್ಕೆ ಬದಲಿಸುವ ಎನ್‌ಎಟಿ ವಿಷಯದಲ್ಲಿ ಇಂಟರ್‌ನೆಟ್‌ನಲ್ಲಿ ಸಿಗುವ ಸಲಹೆ ಅರ್ಧಂಬರ್ಧ. ಕಂಪನಿಯ ಒಎನ್‌ಟಿಯೂ ರೂಟರ್ ಆಗಿ, ಅದರ ಹಿಂದೆ ನಿಮ್ಮದೂ ರೂಟರ್ ಆಗಿದ್ದರೆ ವಿಳಾಸ ಎರಡು ಸಲ ಬದಲಾಗುತ್ತದೆ. ನಿಮ್ಮ ರೂಟರಿನ ಹೊರಬದಿಯ, ಅಂದರೆ ವ್ಯಾನ್ ವಿಳಾಸ 192.168ರಿಂದ ಶುರುವಾಗಿದ್ದರೆ ಹಾಗೇ ಆಗಿದೆ. ಒಎನ್‌ಟಿ ರೂಟರ್ ಕೆಲಸ ಬಿಟ್ಟು ಮಾಹಿತಿ ದಾಟಿಸುವಂತಷ್ಟೇ ಅದನ್ನು ಬ್ರಿಡ್ಜ್ ಮಾಡಿಸಿ, ಇಲ್ಲವೇ ನಿಮ್ಮದನ್ನು ಆ್ಯಕ್ಸೆಸ್ ಪಾಯಿಂಟ್ ಮಾಡಿ. ವ್ಯಾನ್ ವಿಳಾಸ 100.64ರಿಂದ 100.127ರ ನಡುವೆ ಇದ್ದರೆ ಕಂಪನಿಯೇ ಹಲವು ಮನೆಗಳಿಗೆ ಒಂದೇ ಹೊರವಿಳಾಸ ಹಂಚಿದೆ. ಆಗ ಹೊರಗಿನವರಿಗೆ ರೂಟರಿನಲ್ಲಿ ಬಾಗಿಲು ತೆರೆಯುವ ಪೋರ್ಟ್ ಫಾರ್ವರ್ಡಿಂಗ್ ಎಷ್ಟು ಮಾಡಿದರೂ ವ್ಯರ್ಥ. ಕಂಪನಿಯಿಂದ ಸ್ಟ್ಯಾಟಿಕ್ ಐಪಿ, ಅಂದರೆ ನಿಮಗೇ ಮೀಸಲಾದ ಹೊರವಿಳಾಸ ಕೊಳ್ಳಬೇಕು ಅಥವಾ ಐಪಿವಿ6 ಎಂಬ ಹೊಸ ವಿಳಾಸ ಪದ್ಧತಿ ಚಾಲೂ ಮಾಡಬೇಕು. ಇದೆಲ್ಲ ಬೇಕಾಗುವುದು ಗೆಳೆಯರ ಯಂತ್ರಗಳು ನೇರ ಕೂಡುವ ಆಟಗಳಿಗೆ, ಮನೆಯಲ್ಲೇ ಮೈನ್‌ಕ್ರಾಫ್ಟ್ ಸರ್ವರ್ ಇಡುವವರಿಗೆ. ಬಿಜಿಎಂಐ, ವ್ಯಾಲರಂಟ್‌ನಂಥ ಸ್ವಂತ ಸರ್ವರ್ ಇರುವ ಆಟಗಳಿಗೆ ಪೋರ್ಟ್ ತೆರೆದು ಲಾಭವಿಲ್ಲ. ಫೈರ್‌ವಾಲ್ ಪೂರ್ತಿ ಆರಿಸಿ ಎಂಬ ಸಲಹೆಯಂತೂ ಕಳ್ಳನಿಗೆ ಬಾಗಿಲು ತೆರೆದಂತೆ.

ಡಿಎನ್‌ಎಸ್ ಬದಲಿಸಿದರೆ ಪಿಂಗ್ ಇಳಿಯುತ್ತದೆ ಎನ್ನುವುದೂ ಸುಳ್ಳು. ಹೆಸರು ಕೊಟ್ಟರೆ ಸರ್ವರ್‌ನ ವಿಳಾಸ ಹುಡುಕಿಕೊಡುವುದಷ್ಟೇ ಡಿಎನ್‌ಎಸ್ ಕೆಲಸ, ಅದು ಆಟ ಶುರುವಾಗುವ ಮೊದಲೇ ಮುಗಿದಿರುತ್ತದೆ. ಪಿಂಗ್ ಬೂಸ್ಟರ್ ಆ್ಯಪ್‌ಗಳಲ್ಲಿ ಹೆಚ್ಚಿನವು ವಿಪಿಎನ್‌ಗಳು, ದಾರಿಯನ್ನು ಉದ್ದ ಮಾಡುತ್ತವೆ. ಕಂಪನಿ ಅಪರೂಪಕ್ಕೆ ಕೆಟ್ಟ ದಾರಿ ಹಿಡಿದಾಗ ಮಾತ್ರ ಉಪಯೋಗ. ಎಂಟಿಯು, ಅಂದರೆ ಒಂದು ಪ್ಯಾಕೆಟ್‌ನ ಗರಿಷ್ಠ ಗಾತ್ರ, ಒಂದು ಮಾತ್ರ ನೋಡಬೇಕಾದದ್ದು: ಬಳಕೆದಾರ ಹೆಸರು-ಗುಪ್ತಪದ ಹಾಕುವ ಪಿಪಿಪಿಒಇ ಸಂಪರ್ಕದಲ್ಲಿ ಅದು 1492 ಇರಬೇಕು, 1500 ಇಟ್ಟರೆ ಕೆಲವು ಆಟಗಳು ಲಾಗಿನ್‌ನಲ್ಲೇ ತೂಗಾಡುತ್ತವೆ.

ಮೂರನೇ ತುಂಡಿಗೆ ಮನೆಯಲ್ಲಿ ಮದ್ದಿಲ್ಲ. ಗಾಜಿನಲ್ಲಿ ಬೆಳಕು ಸೆಕೆಂಡಿಗೆ ಸುಮಾರು 2 ಲಕ್ಷ ಕಿಲೊಮೀಟರ್ ಓಡುತ್ತದೆ. ಹುಬ್ಬಳ್ಳಿಯಿಂದ ಮುಂಬೈ ನೇರ ಅಳತೆಯಲ್ಲಿ 500 ಕಿಲೊಮೀಟರಿನೊಳಗೆ, ಹೋಗಿ ಬರಲು 5 ಮಿಲಿಸೆಕೆಂಡು. ಸಿಂಗಪುರ ಸುಮಾರು 3500, ಅಂದರೆ 35ಕ್ಕಿಂತ ಕಡಿಮೆ ಪಿಂಗ್ ಯಾವ ಪ್ಲ್ಯಾನಿನಲ್ಲೂ ಬರದು, ಸುತ್ತುದಾರಿಯಿಂದ ನಿಜವಾಗಿ ಬರುವುದು ಅದಕ್ಕಿಂತ ಬಹಳ ಹೆಚ್ಚು. ಆಟದ ಸೆಟ್ಟಿಂಗ್‌ನಲ್ಲಿ ಸರ್ವರ್ ಆಯ್ಕೆಯಿದ್ದರೆ ಮುಂಬೈ ಅಥವಾ ಚೆನ್ನೈ ಇಟ್ಟುಕೊಳ್ಳಿ. 2024ರ ಫೆಬ್ರುವರಿಯಲ್ಲಿ ಕೆಂಪು ಸಮುದ್ರದಲ್ಲಿ ಕೇಬಲ್‌ಗಳು ತುಂಡಾದಂಥ ಹೊತ್ತಿನಲ್ಲಿ ಯುರೋಪಿನ ಸರ್ವರ್ ಹಿಡಿದು ಕೂತವರು ರೂಟರ್ ಬದಲಿಸಿ ಪ್ರಯೋಜನವಿಲ್ಲ.

ದೂರು ಕೊಡುವವರು ‘ನೆಟ್ ಸ್ಲೋ ಐತಿ’ ಎನ್ನಬೇಡಿ. ಸ್ಲೋ ಎಂದ ಕೂಡಲೇ ಸ್ಪೀಡ್ ಟೆಸ್ಟ್ ಕೇಳುತ್ತಾರೆ. ಹೀಗೆ ಬರೆಸಿ: ‘ಲ್ಯಾನ್ ಕೇಬಲ್‌ನಲ್ಲಿ ಪರೀಕ್ಷಿಸಿದೆ, ರೂಟರಿಗೆ ನಷ್ಟ ಸೊನ್ನೆ, ಹೊರಗೆ ಇಂಥ ದಿನ ಇಂಥ ಹೊತ್ತಿನಲ್ಲಿ 600ರಲ್ಲಿ ಇಷ್ಟು ಪ್ಯಾಕೆಟ್ ನಷ್ಟ, ಆರ್‌ಎಕ್ಸ್ ಪವರ್ ಇಷ್ಟು.’ ದೂರಿನ ಡಾಕೆಟ್ ಸಂಖ್ಯೆ ಕೇಳಿ ಪಡೆಯಿರಿ, ಕೊಡುವುದು ಅವರ ಕರ್ತವ್ಯ. ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರ ಟ್ರಾಯ್‌ನ 2012ರ ದೂರು ಪರಿಹಾರ ನಿಯಮದಂತೆ, ಗಡುವಿನೊಳಗೆ ಸರಿಯಾಗದಿದ್ದರೆ 30 ದಿನಗಳಲ್ಲಿ ಕಂಪನಿಯ ಮೇಲ್ಮನವಿ ಪ್ರಾಧಿಕಾರಕ್ಕೆ ಶುಲ್ಕವಿಲ್ಲದೆ ಹೋಗಬಹುದು, ಅಲ್ಲಿ 39 ದಿನಗಳಲ್ಲಿ ಇತ್ಯರ್ಥವಾಗಬೇಕು. 2024ರ ಅಕ್ಟೋಬರ್ 1ರಿಂದ ಜಾರಿಯಾದ ಸೇವಾ ಗುಣಮಟ್ಟದ ನಿಯಮಗಳಲ್ಲಿ ವಿಳಂಬ ಮತ್ತು ಪ್ಯಾಕೆಟ್ ನಷ್ಟವೂ ಅಳತೆಗೋಲುಗಳಾಗಿವೆ. ಸ್ಪೀಡ್ ಸರಿಯಿದೆ ಎಂದಷ್ಟಕ್ಕೆ ದೂರು ಮುಚ್ಚಿದರೆ ಇದನ್ನು ಎತ್ತಿ ತೋರಿಸಿ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915 ಕೂಡ ಇದೆ.

ಅವಳಿ ನಗರದ ಇಂಟರ್‌ನೆಟ್ ಕಂಪನಿಗಳಿಗೆ ನಮ್ಮ ಕೋರಿಕೆ ಸಣ್ಣದು. ಜೋಡಣೆಯ ದಿನ ಆರ್‌ಎಕ್ಸ್ ಪವರ್ ಅಂಕಿಯನ್ನು ರಸೀದಿಯ ಮೇಲೆ ಬರೆದುಕೊಡಿ. ಹೊರವಿಳಾಸ ಹಂಚಿಕೆಯದೋ ಅಲ್ಲವೋ ಎಂದು ಮೊದಲೇ ಹೇಳಿ. ತುಂಡಾದ ಫೈಬರನ್ನು ಫ್ಯೂಷನ್ ಯಂತ್ರದಲ್ಲಿ ಬೆಸೆಯಿರಿ, ಟೇಪ್ ಸುತ್ತಿದ ತಾತ್ಕಾಲಿಕ ಜೋಡಣೆಯನ್ನು ವರ್ಷಗಟ್ಟಲೆ ಕಂಬದ ಮೇಲೆ ಬಿಡಬೇಡಿ. ಸಹಾಯವಾಣಿಯ ಹುಡುಗ-ಹುಡುಗಿಯರಿಗೆ ಸ್ಪೀಡ್ ಟೆಸ್ಟ್ ಕೇಳುವ ಮೊದಲು ‘ಕೇಬಲ್‌ನ್ಯಾಗ ಹಚ್ಚಿ ನೋಡೀರೇನ್ರಿ?’ ಎಂದು ಕೇಳುವುದನ್ನು ಕಲಿಸಿ.

ಇಂತಿ,
ನೆಟ್‌ವರ್ಕ್ ಜೋಡಣೆ ಕೆಲಸದ ಕೆಲವು ಓದುಗರು
ವಿದ್ಯಾನಗರ, ಹುಬ್ಬಳ್ಳಿ